ನಟನ ವಾಕ್‌ಸ್ತಂಭನ: ಜೆಕ್ ನಟ ರುಡಾಲ್ಫ್ ಹ್ರುಶೀನ್‌ಸ್ಕಿಯ ಕಲಾಜೀವನ

ನಾಟ್ಯಶಾಸ್ತ್ರದ ಪ್ರಥಮಾಧ್ಯಾಯದಲ್ಲಿ ಒಂದು ಉಪಾಖ್ಯಾನವುಂಟು. ಇಂದ್ರಧ್ವಜೋತ್ಸವದ ಸಮಯದಲ್ಲಿ ಭರತಮುನಿಯು ತನ್ನ ಪುತ್ರರನ್ನು ಕೂಡಿಕೊಂಡು ಮೊತ್ತಮೊದಲ ನಾಟ್ಯಪ್ರಯೋಗವನ್ನು ನಡೆಯಿಸಿದನು. ಅದರ ವಸ್ತುವು ದೇವತೆಗಳು ದೈತ್ಯರನ್ನು ಜಯಿಸಿದ ಕಥೆ. ಅಲ್ಲಿ ನೆರೆದಿದ್ದ ದೈತ್ಯರಿಗೆ ಇದು ಸಹನೆಯಾಗಲಿಲ್ಲ. ಅವರು ವಿಘ್ನರೊಡನೆ ಸೇರಿ ಮಾಯಾಬಲದಿಂದ ನಟರ ಮಾತನ್ನೂ ಚೇಷ್ಟೆಯನ್ನೂ ಸ್ಮೃತಿಯನ್ನೂ ಸ್ತಂಭನಗೊಳಿಸಿದರು. ವಾಚಕರು ಇಲ್ಲಿ ಒಂದು ಅಂಶವನ್ನು ಲಕ್ಷಿಸಬೇಕು. ನಟರ ಪ್ರಾಣವನ್ನು ತೆಗೆಯಬೇಕೆಂದು ದೈತ್ಯರಿಗೆ ಮೊದಲು ತೋರಲಿಲ್ಲ. ಮಾತು, ನಡೆ, ನೆನಪು ಈ ಮೂರನ್ನು ನಿಲ್ಲಿಸಿಬಿಟ್ಟರೆ ನಟನು ಜೀವಂತನಾಗಿದ್ದರೂ ನಟನಾಗಿ ಉಳಿಯಲಾರನೆಂಬುದನ್ನು ಅವರು ಚೆನ್ನಾಗಿ ಬಲ್ಲವರಾಗಿದ್ದರು.

ಈ ಉಪಾಖ್ಯಾನವು ಪುರಾಣಕಾಲಕ್ಕೆ ಮಾತ್ರ ಸಲ್ಲುವುದಲ್ಲ. ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ, ಯೂರೋಪು ಖಂಡದ ನಡುವಣ ಜೆಕೊಸ್ಲೊವಾಕಿಯಾ ದೇಶದಲ್ಲಿ, ಕಮ್ಯೂನಿಸ್ಟ್ ಪಕ್ಷದ ಪ್ರಭುತ್ವವು ತನಗೆ ಒಗ್ಗದ ನಟರ ವಿಷಯದಲ್ಲಿ ಹೆಚ್ಚುಕಡಿಮೆ ಇದೇ ಉಪಾಯವನ್ನು ಕೈಕೊಂಡಿತು. ಆ ಸ್ತಂಭನಕ್ಕೆ ಒಳಗಾದವರಲ್ಲಿ ರುಡಾಲ್ಫ್ ಹ್ರುಶೀನ್‌ಸ್ಕಿ ಎಂಬಾತನು ಅಗ್ರಗಣ್ಯನು. ಈತನ ಕಲೆಯ ಸ್ವರೂಪವೇನು, ಪ್ರಭುತ್ವವು ಅದರ ಮೇಲೆ ಹಾಕಿದ ತಡೆಯಿಂದ ಅದಕ್ಕೆ ಒದಗಿದ ಹಾನಿಯೇನು, ಈತನು ತಳೆದ ಮೌನವು ಗುಣವೋ ದೋಷವೋ ಎಂಬ ಮೂರು ವಿಷಯಗಳು ಇಲ್ಲಿ ವಿಚಾರಾರ್ಹವಾಗಿವೆ.

ಮೊದಲು ಒಂದು ಭೇದವನ್ನು ತಿಳಿದುಕೊಳ್ಳುವುದು ಅವಶ್ಯ. ಕವಿಯ ಬಾಯನ್ನು ಕಟ್ಟುವುದು ಬೇರೆ, ನಟನ ಬಾಯನ್ನು ಕಟ್ಟುವುದು ಬೇರೆ. ಅಚ್ಚಿನ ಮನೆಯ ಬಾಗಿಲು ಮುಚ್ಚಿದರೂ ಕವಿಯು ಬರೆದುದನ್ನು ಪೆಟ್ಟಿಗೆಯಲ್ಲಿ ಇಟ್ಟಿರಬಲ್ಲನು. ಜೆಕ್ ಲೇಖಕರು ಹಾಗೆಯೇ ಮಾಡಿದರು. ತಮ್ಮ ಗ್ರಂಥಗಳನ್ನು ಬೆರಳಚ್ಚು ಯಂತ್ರದಲ್ಲಿ ಕೆಲವೇ ಪ್ರತಿಗಳಾಗಿ ತೆಗೆದು ಕೈಯಿಂದ ಕೈಗೆ ದಾಟಿಸಿದರು. ಕಾಲವು ತಿರುಗಿದಾಗ ಆ ಗ್ರಂಥಗಳು ಒಂದಕ್ಷರವೂ ಕುಂದದೆ ಹೊರಬಂದವು. ನಟನಿಗಾದರೋ ದೇಹವೇ ತಾಳೆಯೋಲೆ, ಕಂಠವೇ ಕಂಟ. ಐವತ್ತರ ಪ್ರಾಯದಲ್ಲಿ ಆಡಬೇಕಾಗಿದ್ದ ಪಾತ್ರವನ್ನು ಐವತ್ತರಲ್ಲಿ ಆಡದೆ ಹೋದರೆ ಅದು ಇನ್ನೆಂದಿಗೂ ಆಡಿದಂತಾಗುವುದಿಲ್ಲ. ಆದುದರಿಂದ ನಟನ ಮೇಲಣ ನಿಷೇಧವು ಕಾಲವನ್ನೇ ಅಪಹರಿಸುವ ದಂಡನೆ. ಅಪಹೃತವಾದುದನ್ನು ಯಾವ ನ್ಯಾಯಾಧೀಶನೂ ಮರಳಿ ಕೊಡಿಸಲಾರನು.

ಹ್ರುಶೀನ್‌ಸ್ಕಿಯು ೧೯೨೦ನೆಯ ಅಕ್ಟೋಬರ್ ೧೭ರಂದು ಬೊಹೀಮಿಯಾದ ನೋವಾ ವ್ಚೆಲ್ನಿತ್ಸೆ ಎಂಬ ಸಣ್ಣ ಊರಿನಲ್ಲಿ ಜನಿಸಿದನು. ಊರಿಂದೂರಿಗೆ ಸಂಚರಿಸುವ ನಾಟಕಮಂಡಳಿಯ ಕುಟುಂಬವು ಅವನದು. ರಂಗದ ಪರದೆಯ ಹಿಂದೆಯೇ ಬೆಳೆದ ಹುಡುಗನು. ನಾಜಿ ಜರ್ಮನಿಯು ೧೯೩೯ರ ಮಾರ್ಚಿಯಲ್ಲಿ ಆ ದೇಶವನ್ನು ಆಕ್ರಮಿಸಿದಾಗ ಅವನಿಗೆ ಹದಿನೆಂಟು ವರ್ಷ. ಆ ವರ್ಷವೇ ಮಾರ್ಟಿನ್ ಫ್ರಿಚನ ಒಂದು ಶಾಲಾಜೀವನದ ವಿನೋದಚಿತ್ರದಲ್ಲಿಯೂ, ಒಟಕರ್ ವಾವ್ರನ ‘ಹ್ಯೂಮರೆಸ್ಕ’ ಎಂಬ ಚಿತ್ರದಲ್ಲಿಯೂ ಅವನು ಕಾಣಿಸಿಕೊಂಡನು. ಅನಂತರ ಎ. ಎಫ್. ಬುರಿಯಾನ್ ಎಂಬ ಧೀಮಂತ ಪ್ರಯೋಗಕಾರನ ರಂಗಮಂದಿರದಲ್ಲಿ ಕೆಲಸ ಕಲಿತನು. ಆ ಮಂದಿರವನ್ನು ೧೯೪೧ರಲ್ಲಿ ಜರ್ಮನ್ ಗೂಢ ಪೊಲೀಸರು ಮುಚ್ಚಿಸಿ ಬುರಿಯಾನನನ್ನು ಸೆರೆಶಿಬಿರಕ್ಕೆ ಅಟ್ಟಿದರು. ಪ್ರಭುತ್ವಕ್ಕೆ ರಂಗಸ್ಥಲವೆಂದರೆ ಭಯವೆಂಬ ಪಾಠವು ಹೀಗೆ ಇಪ್ಪತ್ತರ ಹರೆಯದಲ್ಲಿಯೇ ಹ್ರುಶೀನ್‌ಸ್ಕಿಗೆ ದೊರೆಯಿತು. ಎರಡನೆಯ ಪಾಠವು ಬೇರೊಂದು ಬಣ್ಣದ ಬಾವುಟವನ್ನು ಹಿಡಿದುಕೊಂಡು ಬಂದಿತು.

ಜೆಕೊಸ್ಲೊವಾಕಿಯಾದಲ್ಲಿ ಚಲಚ್ಚಿತ್ರೋದ್ಯಮವು ೧೯೪೫ರ ಆಗಸ್ಟಿನ ರಾಷ್ಟ್ರಾಧ್ಯಕ್ಷನ ಆಜ್ಞೆಯಿಂದಲೇ ರಾಷ್ಟ್ರದ ಸ್ವತ್ತಾಗಿತ್ತು. ೧೯೪೮ರ ಫೆಬ್ರವರಿಯಲ್ಲಿ ಕಮ್ಯೂನಿಸ್ಟ್ ಪಕ್ಷವು ಅಧಿಕಾರವನ್ನೆಲ್ಲ ವಶಪಡಿಸಿಕೊಂಡ ಮೇಲೆ ನಾಟಕಶಾಲೆಗಳೂ ಅದರ ಹಿಡಿತಕ್ಕೆ ಬಂದುವು. ಇದರ ಪರಿಣಾಮವನ್ನು ವಿವರಿಸುವುದು ಉಚಿತ. ಪ್ರಾಗ್ ನಗರದ ಬರಾಂಡೊವ್ ದಿಣ್ಣೆಯ ಮೇಲಣ ಚಿತ್ರನಿರ್ಮಾಣಶಾಲೆಯಲ್ಲಿ ಒಂದು ಚಿತ್ರವು ಹುಟ್ಟಬೇಕಾದರೆ ಮೊದಲು ಅದರ ಕಥೆಯನ್ನು ಮಂಡಲಿಗಳು ಒಪ್ಪಬೇಕು. ಚಿತ್ರವು ಸಿದ್ಧವಾದ ಮೇಲೆ ಮತ್ತೊಮ್ಮೆ ಒಪ್ಪಿಗೆಯಾಗಬೇಕು. ಒಪ್ಪಿಗೆಯಾಗದ ಚಿತ್ರದ ಸುರುಳಿಗಳನ್ನು ಭದ್ರವಾದ ಉಗ್ರಾಣದಲ್ಲಿಟ್ಟು ಬೀಗ ಹಾಕುವರು. ನಟನ ಪಾಲಿಗೆ ದೇಶದಲ್ಲಿ ಯಜಮಾನನು ಒಬ್ಬನೇ. ಒಂದು ಮಂಡಳಿಯಲ್ಲಿ ಮುನಿಸಾದರೆ ಮತ್ತೊಂದು ಮಂಡಳಿಗೆ ಹೋಗುವ ಹಾದಿಯಿಲ್ಲ. ಇಂಥ ಏರ್ಪಾಟಿನಲ್ಲಿ ನಟನನ್ನು ದಂಡಿಸಲು ಕಾರಾಗೃಹವೇ ಬೇಕೆಂಬ ನಿಯಮವಿಲ್ಲ. ಅವನನ್ನು ಕರೆಯದಿದ್ದರೆ ಸಾಕು.

ಇಂಥ ಕಾಲದಲ್ಲಿ ಹ್ರುಶೀನ್‌ಸ್ಕಿಯ ಹೆಸರನ್ನು ಮನೆಮಾತಾಗಿಸಿದುದು ಶ್ವೇಯ್ಕನ ಪಾತ್ರ. ಯಾರೊಸ್ಲಾವ್ ಹಾಶೆಕನು ೧೯೨೧ರಿಂದ ತನ್ನ ಮರಣದ ವರ್ಷವಾದ ೧೯೨೩ರವರೆಗೆ ಬರೆದು, ಪೂರ್ಣಗೊಳಿಸದೆ ಬಿಟ್ಟುಹೋದ ‘ಒಳ್ಳೆಯ ಸಿಪಾಯಿ ಶ್ವೇಯ್ಕ್’ ಎಂಬ ಕಾದಂಬರಿಯು ಜಗತ್ಪ್ರಸಿದ್ಧವಷ್ಟೆ. ಮೊದಲನೆಯ ಮಹಾಯುದ್ಧದಲ್ಲಿ ಆಸ್ಟ್ರಿಯಾ ಸಾಮ್ರಾಟನ ಸೈನ್ಯಕ್ಕೆ ಸೇರಬೇಕಾಗಿ ಬಂದ ಒಬ್ಬ ಜೆಕ್ ಸಾಮಾನ್ಯನು, ಮೇಲಿನವರು ಹೇಳಿದುದನ್ನೆಲ್ಲ ಅಕ್ಷರಶಃ ನೆರವೇರಿಸಿ, ಆ ವಿಧೇಯತೆಯಿಂದಲೇ ಸೇನೆಯ ವ್ಯವಸ್ಥೆಯನ್ನೆಲ್ಲ ಅಸ್ತವ್ಯಸ್ತಗೊಳಿಸುವುದು ಅದರ ಕಥೆ. ಕರೆಲ್ ಸ್ಟೆಕ್ಲಿ ಎಂಬ ನಿರ್ದೇಶಕನು ೧೯೫೬–೫೭ರಲ್ಲಿ ಇದನ್ನು ಎರಡು ಭಾಗಗಳ ವರ್ಣಚಿತ್ರವನ್ನಾಗಿ ಮಾಡಿದಾಗ ಶ್ವೇಯ್ಕನ ಪಾತ್ರವು ಹ್ರುಶೀನ್‌ಸ್ಕಿಗೆ ಬಂದಿತು.

ನಮ್ಮ ಲಾಕ್ಷಣಿಕರು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕು ವಿಧವಾಗಿ ವಿಂಗಡಿಸಿರುವರು. ಹಾಸ್ಯನಟರಲ್ಲಿ ಬಹುಮಂದಿ ಮೊದಲಿನ ಮೂರನ್ನೇ ನೆಚ್ಚಿರುವರು. ಮೈಯನ್ನು ತಿರುಚುವುದು, ಮಾತನ್ನು ತಿರುಚುವುದು, ವೇಷವನ್ನು ತಿರುಚುವುದು ಇವುಗಳಿಂದ ನಗು ಸುಲಭವಾಗಿ ಹುಟ್ಟುತ್ತದೆ. ಹ್ರುಶೀನ್‌ಸ್ಕಿಯ ಶ್ವೇಯ್ಕನು ಇವಾವುದನ್ನೂ ಮಾಡುವುದಿಲ್ಲ. ದುಂಡು ಮುಖ, ನಿಶ್ಚಲವಾದ ನಿರ್ಮಲವಾದ ಕಣ್ಣು, ತುಟಿಯ ಕೊನೆಯಲ್ಲಿ ಹುಟ್ಟಿಯೂ ಹುಟ್ಟದ ಒಂದು ನಗೆ. ಭರತನು ಹೇಳಿರುವ ಆರು ಬಗೆಯ ನಗೆಗಳಲ್ಲಿ ಮೊದಲನೆಯದೂ ಉತ್ತಮಪ್ರಕೃತಿಗಳಿಗೆ ಸಲ್ಲುವುದೂ ಆದ ಸ್ಮಿತವೊಂದೇ ಅವನ ಬಂಡವಾಳ. ಹಲ್ಲು ಕಾಣದ ಈ ನಗೆಯನ್ನು ಒಬ್ಬ ಹರಕು ಸಿಪಾಯಿಯ ಮುಖದಲ್ಲಿ ಇಟ್ಟುದೇ ನಟನ ಚಾತುರ್ಯ. ಶ್ವೇಯ್ಕನು ಶುದ್ಧ ಮೂಢನೋ, ಅಥವಾ ಮೂಢತನವನ್ನು ಕವಚವಾಗಿ ತೊಟ್ಟ ಮಹಾಚತುರನೋ ಎಂಬ ಸಂದೇಹವನ್ನು ಹಾಶೆಕನು ಬಿಡಿಸದೆ ಉಳಿಸಿದ್ದಾನೆ. ನಟನೂ ಅದನ್ನು ಬಿಡಿಸುವುದಿಲ್ಲ. ಸೇನಾಧಿಕಾರಿಯು ಅವನ ಕಣ್ಣನ್ನೇ ದಿಟ್ಟಿಸಿ ನೋಡಿ ಏನನ್ನೂ ಕಾಣದೆ ಸೋಲುವಾಗ ಪ್ರೇಕ್ಷಕನೂ ಅವನೊಡನೆ ಸೋಲುತ್ತಾನೆ. ಆದರೆ ಸಂತೋಷದಿಂದ ಸೋಲುತ್ತಾನೆ.

ಗುಣವನ್ನು ಹೇಳಿದ ಮೇಲೆ ದೋಷವನ್ನೂ ಹೇಳಬೇಕು. ಚಿತ್ರವು ಮೂಲದಷ್ಟು ಕಟುವಾಗಿಲ್ಲ. ಹಾಶೆಕನ ಗ್ರಂಥದಲ್ಲಿ ಯುದ್ಧದ ಹೊಲಸು, ಹಸಿವು, ಹೇನು, ಸಾವು ಇವು ನಗೆಯ ಬೆನ್ನಿಗೇ ಅಂಟಿಕೊಂಡಿವೆ. ಚಿತ್ರದಲ್ಲಿ ಬಣ್ಣಗಳು ಹಿತವಾಗಿವೆ, ಸಮವಸ್ತ್ರಗಳು ಶುಚಿಯಾಗಿವೆ, ಶ್ವೇಯ್ಕನು ಎಲ್ಲರ ಮುದ್ದಿನ ನೆಂಟನಂತೆ ಇದ್ದಾನೆ. ಪ್ರಭುತ್ವವು ಇದನ್ನು ಸಂತೋಷದಿಂದ ಒಪ್ಪಿದುದಕ್ಕೆ ಕಾರಣವೂ ಸ್ಪಷ್ಟ. ಅಲ್ಲಿ ಹಾಸ್ಯಕ್ಕೆ ಗುರಿಯಾದುದು ಅಳಿದುಹೋದ ಸಾಮ್ರಾಜ್ಯ. ಆದರೆ ಪ್ರೇಕ್ಷಕನು ತಲೆಬಾಗಿ ತಲೆಬಾಗಿಯೇ ಅಧಿಕಾರಿಯನ್ನು ಸೋಲಿಸುವ ಆ ವಿದ್ಯೆಯನ್ನು ಚಿತ್ರಮಂದಿರದಿಂದ ಮನೆಗೆ ಹೊತ್ತುಕೊಂಡು ಹೋದನು. ಅದಕ್ಕೆ ಯಾವ ಮಂಡಲಿಯ ಒಪ್ಪಿಗೆಯೂ ಬೇಕಾಗಲಿಲ್ಲ.

೧೯೬೦ರಲ್ಲಿ ಹ್ರುಶೀನ್‌ಸ್ಕಿಯು ಪ್ರಾಗಿನ ರಾಷ್ಟ್ರೀಯ ರಂಗಮಂದಿರಕ್ಕೆ ಸೇರಿದನು. ಆ ದಶಕದಲ್ಲಿ ದೇಶದ ಕಟ್ಟುಪಾಡು ಸ್ವಲ್ಪ ಸ್ವಲ್ಪವಾಗಿ ಸಡಿಲವಾಯಿತು. ಯುವ ನಿರ್ದೇಶಕರ ಒಂದು ಗುಂಪು ತಲೆಯೆತ್ತಿತು. ಅವರಲ್ಲಿ ಯಿರ್ಜಿ ಮೆಂತ್ಸೆಲ್ ಎಂಬವನು ವ್ಲಾಡಿಸ್ಲಾವ್ ವಾಂಚುರನ ೧೯೨೬ರ ಒಂದು ಕಿರುಕಾದಂಬರಿಯನ್ನು ‘ಚಂಚಲ ಗ್ರೀಷ್ಮ’ ಎಂಬ ಅರ್ಥದ ಹೆಸರಿನ ಚಿತ್ರವನ್ನಾಗಿ ಮಾಡಿದನು. ಈ ವಾಂಚುರನನ್ನು ನಾಜಿಗಳು ೧೯೪೨ರಲ್ಲಿ ಕೊಂದರು. ಚಿತ್ರದಲ್ಲಿ ನದೀತೀರದ ಈಜುಕೊಳದ ಒಡೆಯ, ಒಬ್ಬ ನಿವೃತ್ತ ಸೇನಾಧಿಕಾರಿ, ಒಬ್ಬ ಪಾದ್ರಿ, ಮೂವರೂ ನಡುವಯಸ್ಸನ್ನು ದಾಟಿದವರು, ಮಳೆ ಬಿಡದ ಬೇಸಗೆಯಲ್ಲಿ ಹರಟುತ್ತಿರುವರು. ಅಲ್ಲಿಗೆ ಹಗ್ಗದ ಮೇಲೆ ನಡೆಯುವ ಒಬ್ಬ ಜಾದೂಗಾರನು ಒಬ್ಬ ತರುಣಿಯೊಡನೆ ಬರುತ್ತಾನೆ. ಮೂವರೂ ಒಬ್ಬರಾದ ಮೇಲೊಬ್ಬರು ಆ ತರುಣಿಗೆ ಮನಸೋತು, ಒಬ್ಬರಾದ ಮೇಲೊಬ್ಬರು ಭಂಗಪಡುತ್ತಾರೆ.

ಶೃಂಗಾರದ ಅನುಕೃತಿಯೇ ಹಾಸ್ಯವೆಂದು ಭರತನು ಹೇಳಿರುವುದಕ್ಕೆ ಇದಕ್ಕಿಂತ ಒಳ್ಳೆಯ ಲಕ್ಷ್ಯವು ದೊರೆಯುವುದು ಕಷ್ಟ. ಈಜುಕೊಳದ ಒಡೆಯನಾದ ಹ್ರುಶೀನ್‌ಸ್ಕಿಯ ಸ್ಥೂಲದೇಹವು ತೊಯ್ದ ಸ್ನಾನವಸ್ತ್ರದಲ್ಲಿ ನಿಂತಿರುವಾಗ ಪ್ರೇಕ್ಷಕನಿಗೆ ಮೊದಲು ಬರುವುದು ನಗು. ಸ್ವಲ್ಪ ಹೊತ್ತಿನ ಮೇಲೆ ಆ ನಗುವಿನಲ್ಲಿ ಕರುಣದ ನೆರಳು ಕಾಣಿಸಿಕೊಳ್ಳುತ್ತದೆ. ಯೌವನವು ಹೋಯಿತೆಂಬುದು ಇವನಿಗೆ ತಿಳಿದಿದೆ. ತಿಳಿದಿದೆಯೆಂಬುದನ್ನು ಒಪ್ಪಲು ಇವನು ಸಿದ್ಧನಿಲ್ಲ. ಈ ಚಿತ್ರದಲ್ಲಿ ರಾಜಕೀಯದ ಮಾತು ಒಂದೂ ಇಲ್ಲ. ಪ್ರತಿಯೊಂದು ಕಲಾಕೃತಿಯೂ ಪಕ್ಷಕ್ಕೆ ಉಪಯೋಗವಾಗಬೇಕೆಂದು ವಿಧಿಸಿದ್ದ ದೇಶದಲ್ಲಿ, ಯಾವುದಕ್ಕೂ ಉಪಯೋಗವಾಗದೆ ಬರಿಯ ಮಾನವಸ್ವಭಾವವನ್ನು ತೋರಿಸುವ ಕೃತಿಯೊಂದು ಹುಟ್ಟಿದುದೇ ಒಂದು ಬಿಡುಗಡೆಯಾಗಿತ್ತು. ೧೯೬೮ರಲ್ಲಿ ಕಾರ್ಲೊವಿ ವಾರಿಯ ಚಲಚ್ಚಿತ್ರೋತ್ಸವದಲ್ಲಿ ಅದಕ್ಕೆ ಪರಮೋಚ್ಚ ಪುರಸ್ಕಾರವು ದೊರೆಯಿತು.

ಆದರೆ ಹ್ರುಶೀನ್‌ಸ್ಕಿಯ ಕೃತಿಗಳಲ್ಲಿ ಶಿಖರಪ್ರಾಯವಾದುದು ‘ಹೆಣ ಸುಡುವವನು’ ಎಂಬ ಅರ್ಥದ ಹೆಸರುಳ್ಳ ಚಿತ್ರ. ಲಡಿಸ್ಲಾವ್ ಫುಕ್ಸನ ೧೯೬೭ರ ಕಾದಂಬರಿಯನ್ನು ಆಧರಿಸಿ ಯುರಾಯ್ ಹೆರ್ಟ್ಸ್ ಎಂಬವನು ನಿರ್ದೇಶಿಸಿದ ಈ ಚಿತ್ರವು ೧೯೬೯ರಲ್ಲಿ ತೆರೆಯ ಮೇಲೆ ಬಂದಿತು. ಕಥಾಕಾಲವು ೧೯೩೦ರ ದಶಕದ ಕೊನೆ. ಕೊಪ್ಫರ್‌ಕಿಂಗ್ಲ್ ಎಂಬವನು ಪ್ರಾಗಿನ ದಹನಗೃಹವೊಂದರಲ್ಲಿ ಉದ್ಯೋಗಿ. ಕುಡಿಯನು, ಸೇದನು, ಹೆಂಡತಿ ಮಕ್ಕಳನ್ನು ಬಹು ಮೃದುವಾದ ಮಾತುಗಳಿಂದ ಕರೆಯುವನು. ಹೆಣಗಳ ತಲೆಯನ್ನು ಬಾಚಿದ ಬಾಚಣಿಗೆಯಿಂದಲೇ ತನ್ನ ತಲೆಯನ್ನೂ ಬಾಚಿಕೊಳ್ಳುವನು. ನಾಜಿಪಕ್ಷಕ್ಕೆ ಸೇರಿದ ಹಳೆಯ ಗೆಳೆಯನೊಬ್ಬನು, ನಿನ್ನಲ್ಲಿ ಜರ್ಮನ್ ರಕ್ತದ ಬಿಂದುವಿದೆ, ನಿನ್ನ ಹೆಂಡತಿಯಲ್ಲಾದರೋ ಯೆಹೂದ್ಯರ ರಕ್ತವಿದೆ ಎಂದು ಅವನ ಕಿವಿಯಲ್ಲಿ ಊದುತ್ತಾನೆ. ಆಗ ಈ ಸೌಮ್ಯನು ಅದೇ ಸೌಮ್ಯವಾದ ಧ್ವನಿಯಲ್ಲಿ ಮಾತನಾಡುತ್ತಲೇ ಹೆಂಡತಿಯನ್ನೂ ಮಗನನ್ನೂ ಕೊಲ್ಲುತ್ತಾನೆ; ಮಗಳನ್ನೂ ಕೊಲ್ಲಲು ಹೋಗುತ್ತಾನೆ.

ಭಾರತೀಯ ವಾಚಕರು ಈ ಚಿತ್ರದಲ್ಲಿ ವಿಶೇಷವಾಗಿ ಲಕ್ಷ್ಯಕೊಡಬೇಕಾದ ಅಂಶವೊಂದಿದೆ. ಕೊಪ್ಫರ್‌ಕಿಂಗ್ಲನ ಪ್ರಿಯಗ್ರಂಥವು ಟಿಬೆಟ್ಟಿನ ವಿಷಯವಾದ ಒಂದು ಪುಸ್ತಕ. ಅದರಿಂದ ಅವನು ಪುನರ್ಜನ್ಮದ ಮಾತನ್ನು ಕಲಿತುಕೊಂಡಿದ್ದಾನೆ. ದೇಹವು ದುಃಖದ ಮನೆ, ಬೆಂಕಿಯು ಜೀವವನ್ನು ಬೇಗನೆ ಬಿಡುಗಡೆ ಮಾಡುತ್ತದೆ, ಆದುದರಿಂದ ಕೊಂದು ಸುಡುವುದು ಉಪಕಾರ. ಇದು ಅವನ ತರ್ಕ. ಪೂರ್ವದೇಶಗಳ ಋಷಿಗಳು ಯಾವ ತತ್ತ್ವದಿಂದ ಅಹಿಂಸೆಯನ್ನು ಸಾಧಿಸಿದರೋ ಅದೇ ತತ್ತ್ವದ ಒಂದು ತುಂಡನ್ನು ಕಿತ್ತುಕೊಂಡು ಇವನು ಹಿಂಸೆಯನ್ನು ಸಾಧಿಸುತ್ತಾನೆ. ಗ್ರಂಥದ ಅರ್ಧವನ್ನು ಓದಿದವನಿಂದ ಆಗುವ ಅನರ್ಥವು ಓದದವನಿಂದ ಆಗಲಾರದೆಂಬುದಕ್ಕೆ ಇದು ಘೋರವಾದ ನಿದರ್ಶನ. ಕರುಣೆಯ ಮಾತನ್ನು ಬಾಯಲ್ಲಿಟ್ಟುಕೊಂಡು ಕೊಲ್ಲುವವನು ಕ್ರೋಧದಿಂದ ಕೊಲ್ಲುವವನಿಗಿಂತ ಭಯಂಕರನು. ಏಕೆಂದರೆ ಅವನಿಗೆ ಪಶ್ಚಾತ್ತಾಪದ ಬಾಗಿಲೇ ಇಲ್ಲ.

ಬೀಭತ್ಸದಿಂದ ಭಯಾನಕವು ಹುಟ್ಟುವುದೆಂದು ನಾಟ್ಯಶಾಸ್ತ್ರದ ಮತ. ಹ್ರುಶೀನ್‌ಸ್ಕಿಯು ಈ ಮತವನ್ನು ಓದಿದವನಲ್ಲ. ಆದರೂ ಅವನ ಅಭಿನಯದ ಕ್ರಮವು ಇದನ್ನೇ ಅನುಸರಿಸುತ್ತದೆ. ಮೊದಮೊದಲು ಪ್ರೇಕ್ಷಕನಿಗಾಗುವುದು ಬರಿಯ ಹೇಸಿಗೆ, ಆ ಬಾಚಣಿಗೆಯ ಹೇಸಿಗೆ. ಅನಂತರ ಆ ಧ್ವನಿಯು ಒಂದೇ ಶ್ರುತಿಯಲ್ಲಿ, ಜೋಗುಳದಂತೆ, ಏರದೆ ಇಳಿಯದೆ ಸಾಗುವುದನ್ನು ಕೇಳುತ್ತ ಕೇಳುತ್ತ ಹೇಸಿಗೆಯು ಭಯವಾಗಿ ಮಾರ್ಪಡುತ್ತದೆ. ಇದೇ ದುಂಡು ಮುಖ, ಇದೇ ಶಾಂತವಾದ ಕಣ್ಣು ಶ್ವೇಯ್ಕನಲ್ಲಿ ಇದ್ದುವಲ್ಲವೆ? ಅಲ್ಲಿ ವಿಧೇಯತೆಯು ದುರ್ಬಲನ ಆಯುಧವಾಗಿತ್ತು. ಇಲ್ಲಿ ವಿಧೇಯತೆಯು ದುಷ್ಟನ ಸೇವಕನಾಗಿದೆ. ಒಂದೇ ಸ್ಥಾಯಿಯಿಂದ ಹಾಸ್ಯವನ್ನೂ ಭಯಾನಕವನ್ನೂ ಹೊರಡಿಸಿ, ಆಜ್ಞಾಪಾಲಕನಾದ ಸಾಮಾನ್ಯನ ಎರಡು ಮುಖಗಳನ್ನು ಹೀಗೆ ತೋರಿಸಿದ ನಟರು ವಿರಳ. ಸ್ಪೇನಿನ ಸಿಟ್ಜೆಸ್ ಊರಿನ ಚಲಚ್ಚಿತ್ರೋತ್ಸವವು ೧೯೭೨ರಲ್ಲಿ ಈ ಪಾತ್ರಕ್ಕಾಗಿ ಇವನಿಗೆ ಉತ್ತಮನಟನೆಂಬ ಬಹುಮಾನವನ್ನು ಕೊಟ್ಟಿತು. ಆ ವೇಳೆಗೆ ಸ್ವದೇಶದಲ್ಲಿ ಅವನಿಗೆ ಚಲಚ್ಚಿತ್ರದ ಬಾಗಿಲು ಮುಚ್ಚಿತ್ತು.

ಮುಚ್ಚಿದ ಕಾರಣವು ಒಂದು ಸಹಿ. ೧೯೬೮ರ ಜನವರಿಯಲ್ಲಿ ಅಲೆಕ್ಸಾಂಡರ್ ಡುಬ್ಚೆಕನು ಪಕ್ಷದ ನಾಯಕನಾದ ಮೇಲೆ ದೇಶದಲ್ಲಿ ಮಾತಿನ ಸ್ವಾತಂತ್ರ್ಯವು ಚಿಗುರಿತು. ಜೂನ್ ೨೭ರಂದು ಲುಡ್ವಿಕ್ ವತ್ಸುಲೀಕ್ ಎಂಬ ಲೇಖಕನು ರಚಿಸಿದ ‘ಎರಡು ಸಾವಿರ ಪದಗಳು’ ಎಂಬ ಪ್ರಕಟನೆಯು ಪತ್ರಿಕೆಗಳಲ್ಲಿ ಬಂದಿತು. ಪಕ್ಷವು ಇಪ್ಪತ್ತು ವರ್ಷಗಳಲ್ಲಿ ಮಾಡಿದ ತಪ್ಪುಗಳನ್ನು ಎತ್ತಿ ತೋರಿಸಿ, ಸುಧಾರಣೆಯನ್ನು ಕೈಬಿಡಬಾರದೆಂದು ಅದು ಜನರನ್ನು ಪ್ರೇರಿಸಿತು. ಅದಕ್ಕೆ ಸಹಿಮಾಡಿದ ವಿದ್ವಾಂಸರು, ಕಲಾವಿದರು, ಕ್ರೀಡಾಪಟುಗಳಲ್ಲಿ ಹ್ರುಶೀನ್‌ಸ್ಕಿಯೂ ಒಬ್ಬನು. ಎರಡು ತಿಂಗಳು ತುಂಬುವ ಮೊದಲೇ, ಆಗಸ್ಟ್ ೨೦–೨೧ರ ರಾತ್ರಿಯಲ್ಲಿ, ಸೋವಿಯೆಟ್ ರಷ್ಯದ ನಾಯಕತ್ವದಲ್ಲಿ ಮಿತ್ರರಾಷ್ಟ್ರಗಳ ಸೇನೆಗಳು ಗಡಿಯನ್ನು ದಾಟಿ ಬಂದುವು. ೧೯೬೯ರ ಏಪ್ರಿಲಿನಲ್ಲಿ ಗುಸ್ತಾವ್ ಹುಸಾಕನು ಅಧಿಕಾರಕ್ಕೆ ಬಂದನು. ಎಲ್ಲವನ್ನೂ ಮತ್ತೆ ಸರಿದಾರಿಗೆ ತರುವುದೆಂಬ ಹೆಸರಿನಲ್ಲಿ ಸಹಿಮಾಡಿದವರನ್ನು ಒಬ್ಬೊಬ್ಬರನ್ನಾಗಿ ವಿಚಾರಿಸಲಾಯಿತು. ಸಹಿಯನ್ನು ಹಿಂದಕ್ಕೆ ತೆಗೆದುಕೊಂಡರೆ ಕ್ಷಮೆ; ಇಲ್ಲದಿದ್ದರೆ ಕೆಲಸವಿಲ್ಲ. ಹ್ರುಶೀನ್‌ಸ್ಕಿಯು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ.

ಪರಿಣಾಮವಾಗಿ ೧೯೭೦ರ ದಶಕದ ಮೊದಲ ಕೆಲವು ವರ್ಷಗಳು ಅವನು ಚಲಚ್ಚಿತ್ರದಿಂದ ದೂರವಿರಬೇಕಾಯಿತು. ‘ಹೆಣ ಸುಡುವವನು’ ಚಿತ್ರವೂ ಉಗ್ರಾಣಕ್ಕೆ ಹೋಯಿತು. ಬೊಹುಮಿಲ್ ಹ್ರಬಲನ ಕಥೆಗಳಿಂದ ಮೆಂತ್ಸೆಲನು ೧೯೬೯ರಲ್ಲಿ ಮಾಡಿದ ‘ದಾರದ ಮೇಲಣ ಬಾನಾಡಿಗಳು’ ಎಂಬ ಅರ್ಥದ ಚಿತ್ರವಾದರೋ ಹೊರಗೆ ಬರಲೇ ಇಲ್ಲ. ಗುಜರಿ ಕಬ್ಬಿಣದ ಅಂಗಳದಲ್ಲಿ ದುಡಿಸಿ ಬುದ್ಧಿಜೀವಿಗಳನ್ನು ‘ತಿದ್ದುವ’ ಕಥೆ ಅದು. ತಿದ್ದುವ ಸಣ್ಣ ಅಧಿಕಾರಿಯ ಪಾತ್ರವು ಹ್ರುಶೀನ್‌ಸ್ಕಿಯದು. ಇಪ್ಪತ್ತು ವರ್ಷಗಳ ಮೇಲೆ, ೧೯೯೦ರಲ್ಲಿ, ಅದು ಬರ್ಲಿನ್ನಿನ ಉತ್ಸವದಲ್ಲಿ ಸ್ವರ್ಣಭಲ್ಲೂಕವೆಂಬ ಬಹುಮಾನವನ್ನು ಹಂಚಿಕೊಂಡಿತು. ಸುರುಳಿಯು ಉಗ್ರಾಣದಲ್ಲಿ ಕೆಡದೆ ಇತ್ತು. ತೆರೆಯ ಮೇಲೆ ನಲವತ್ತೆಂಟು ವರ್ಷದವನಾಗಿದ್ದ ನಟನು ಹೊರಗೆ ಎಪ್ಪತ್ತನ್ನು ಸಮೀಪಿಸಿದ್ದನು.

ಇನ್ನು ಮೂರನೆಯ ವಿಷಯ. ಇಲ್ಲಿ ಪೂರ್ವಪಕ್ಷವೊಂದು ಏಳುವುದು ಸಹಜ. ಹ್ರುಶೀನ್‌ಸ್ಕಿಯು ರಾಷ್ಟ್ರೀಯ ರಂಗಮಂದಿರವನ್ನು ಬಿಡಲಿಲ್ಲ. ಆ ಪ್ರಭುತ್ವದ ಸಂಬಳವನ್ನೇ ಉಂಡನು. ಬಾಗಿಲು ತೆರೆದಾಗ ಮತ್ತೆ ಅದರ ಚಿತ್ರಗಳಲ್ಲಿ ನಟಿಸಿದನು. ಬೀದಿಗಿಳಿದು ಪ್ರತಿಭಟಿಸಲಿಲ್ಲ, ದೇಶವನ್ನೂ ಬಿಡಲಿಲ್ಲ. ಹೀಗಿರಲು ಇವನ ನಿಲುವಿಗೆ ಧೈರ್ಯವೆಂಬ ಹೆಸರು ಸಲ್ಲುವುದು ಹೇಗೆ? ಇವನ ಸಹನಟಿಯನ್ನು ನೋಡಬಾರದೆ? ‘ಹೆಣ ಸುಡುವವನು’ ಚಿತ್ರದಲ್ಲಿ ಇವನ ಹೆಂಡತಿಯಾಗಿ ನಟಿಸಿದ ವ್ಲಾಸ್ತಾ ಖ್ರಾಮೊಸ್ತೊವಾ ಎಂಬಾಕೆಯು ರಂಗದಿಂದ ಹೊರದೂಡಲ್ಪಟ್ಟು, ತನ್ನ ವಸತಿಯ ಕೋಣೆಯಲ್ಲಿಯೇ ಬೆರಳೆಣಿಕೆಯ ಮಿತ್ರರ ಮುಂದೆ ನಾಟಕಗಳನ್ನು ಆಡಿದಳು; ಮಾನವಹಕ್ಕುಗಳನ್ನು ಬೇಡಿದ ೧೯೭೭ರ ಸನ್ನದಿಗೆ ಸಹಿಮಾಡಿದಳು. ಹಿರಿಯ ತಲೆಮಾರಿನ ಯಿರ್ಜಿ ವೊಸ್ಕೊವೆತ್ಸನು ೧೯೪೮ರ ಬಳಿಕ ದೇಶವನ್ನು ತೊರೆದು, ಅಮೆರಿಕಾದಲ್ಲಿ ಪರಭಾಷೆಯಲ್ಲಿ ನಟಿಸಿ ಬಾಳಿದನು.

ಈ ಆಕ್ಷೇಪವು ನಿಸ್ಸಾರವಾದುದಲ್ಲ. ಆದರೆ ಇದಕ್ಕೆ ಸಮಾಧಾನವಿದೆ. ಖ್ರಾಮೊಸ್ತೊವಾಳ ಹಾದಿಯು ಹೆಚ್ಚು ಕಠಿನವಾದುದು, ಹೆಚ್ಚು ಉನ್ನತವಾದುದು. ಇದನ್ನು ಒಪ್ಪದವನು ನ್ಯಾಯವನ್ನರಿಯನು. ಆದರೆ ಒಬ್ಬರ ಔನ್ನತ್ಯವು ಮತ್ತೊಬ್ಬರ ಅಪರಾಧವಾಗುವುದಿಲ್ಲ. ಹ್ರುಶೀನ್‌ಸ್ಕಿಯ ಮುಂದೆ ಇಡಲ್ಪಟ್ಟ ಪ್ರಶ್ನೆಯು ಒಂದೇ. ನೀನು ಸತ್ಯವೆಂದು ಹೇಳಿದುದನ್ನು ಸುಳ್ಳೆಂದು ಹೇಳುವೆಯಾ? ಅದಕ್ಕೆ ಅವನು ಒಲ್ಲೆನೆಂದನು. ಬೆಲೆಯನ್ನು ತೆತ್ತನು. ತೆತ್ತ ಬೆಲೆಯನ್ನು ಪ್ರದರ್ಶಿಸಲಿಲ್ಲ. ನಟನಾದವನು ತನ್ನ ಭಾಷೆಯ ಪ್ರೇಕ್ಷಕರನ್ನು ಬಿಟ್ಟು ಬದುಕಬಹುದೇ ಹೊರತು ಬೆಳೆಯಲಾರನು. ಆದುದರಿಂದ ದೇಶದಲ್ಲಿಯೇ ನಿಂತುದು ಅಳುಕಿನ ಲಕ್ಷಣವೆನ್ನಲಾಗದು. ರಂಗಮಂದಿರದಲ್ಲಿ ಅವನು ಪ್ರತಿಸಂಜೆಯೂ ನಿಂತ ಸಭೆಯು ಪಕ್ಷದ ಸಭೆಯಲ್ಲ, ಜೆಕ್ ಜನರ ಸಭೆ. ಆಡಬಾರದ ಮಾತನ್ನು ಆಡದಿರುವುದು ಮತ್ತು ಆಡಿದ ಮಾತನ್ನು ನುಂಗದಿರುವುದು, ಈ ಎರಡೂ ಕೂಡಿದ ಮೌನವು ಒಂದು ಬಗೆಯ ವಾಚಿಕವೇ. ಸಾಮಾನ್ಯ ಗೃಹಸ್ಥರು ಅನುಸರಿಸಬಹುದಾದ ಧರ್ಮವೂ ಅದೇ. ಎಲ್ಲರೂ ಖ್ರಾಮೊಸ್ತೊವಾ ಆಗಲಾರರು. ಸಹಿಯನ್ನು ಹಿಂದಕ್ಕೆ ತೆಗೆದುಕೊಳ್ಳದಿರುವುದು ಮಾತ್ರ ಎಲ್ಲರ ಶಕ್ತಿಗೂ ನಿಲುಕುವುದು. ಹೀಗಿದ್ದರೂ ಅದನ್ನು ಮಾಡಿದವರು ಕೆಲವರೇ ಎಂಬುದರಿಂದ ಅದರ ಬೆಲೆಯು ತಿಳಿಯುತ್ತದೆ.

೧೯೭೦ರ ದಶಕದ ಉತ್ತರಾರ್ಧದಲ್ಲಿ ತಡೆಯು ಸಡಿಲವಾಗಿ ಹ್ರುಶೀನ್‌ಸ್ಕಿಯು ತೆರೆಗೆ ಮರಳಿದನು. ಮೆಂತ್ಸೆಲನು ೧೯೭೮ರಲ್ಲಿ ಜೆಕ್ ಚಲಚ್ಚಿತ್ರದ ಬಾಲ್ಯಕಾಲವನ್ನು ಕುರಿತು ಮಾಡಿದ ಚಿತ್ರದಲ್ಲಿ, ಊರೂರು ತಿರುಗಿ ಚಿತ್ರಗಳನ್ನು ತೋರಿಸುವ ಪಾಸ್‌ಪಾರ್ತೆ ಎಂಬವನ ಮುಖ್ಯ ಪಾತ್ರವು ಅವನದಾಯಿತು. ಸಂಚಾರಿ ರಂಗದ ಮಗನಿಗೆ ಈ ಪಾತ್ರವು ಎಷ್ಟು ಸಹಜವೆಂಬುದನ್ನು ಹೇಳಬೇಕಾಗಿಲ್ಲ. ಹ್ರಬಲನ ಕಥೆಯನ್ನಾಧರಿಸಿ ೧೯೮೦ರಲ್ಲಿ ಆದ ಮದ್ಯಶಾಲೆಯ ಚಿತ್ರದಲ್ಲಿ ಅವನು ಒಬ್ಬ ವೈದ್ಯ. ೧೯೮೫ರ ‘ನನ್ನ ಮುದ್ದಿನ ಹಳ್ಳಿ’ ಎಂಬ ಅರ್ಥದ ಚಿತ್ರದಲ್ಲಿಯೂ ವೈದ್ಯ. ಈ ಎರಡನೆಯ ವೈದ್ಯನು ನಿಸರ್ಗಸೌಂದರ್ಯವನ್ನು ಹೊಗಳುತ್ತ ಮೋಟಾರು ಗಾಡಿಯನ್ನು ಓಡಿಸಿ ಪದೇ ಪದೇ ಅಪಘಾತಕ್ಕೆ ಗುರಿಯಾಗುವನು. ಪ್ರೇಕ್ಷಕರು ಇವನನ್ನು ಮರೆಯಲಾರರು.

ಇಲ್ಲಿಯೂ ವಿಮರ್ಶಕನು ಎರಡು 
ಮಾತು ಹೇಳಬೇಕಾಗುತ್ತದೆ. ಈ ಚಿತ್ರಗಳು ಮನೋಹರವಾದುವು, ಅವುಗಳಲ್ಲಿ ಸುಳ್ಳಿಲ್ಲ. ಆದರೆ ‘ಹೆಣ ಸುಡುವವನು’ ತೋರಿಸಿದ ಆಳಕ್ಕೆ ಇವು ಇಳಿಯುವುದಿಲ್ಲ. ಆ ಕಾಲದಲ್ಲಿ ಇಳಿಯುವುದಕ್ಕೆ ಅವಕಾಶವೂ ಇರಲಿಲ್ಲ. ಪಾತ್ರಗಳು ಸಣ್ಣವು, ನಟನು ದೊಡ್ಡವನು. ನಾಲ್ಕು ಮಾತಿನ ವೈದ್ಯನ ಹಿಂದೆ ನಾಲ್ಕು ಅಂಕದ ನಾಯಕನೊಬ್ಬನು ಅಡಗಿರುವನೆಂದು ನೋಡುವವನಿಗೆ ಆಗಾಗ ಅನ್ನಿಸುತ್ತದೆ. ಐವತ್ತರಿಂದ ಐವತ್ತೈದರವರೆಗಿನ ಪರಿಪಕ್ವ ವಯಸ್ಸಿನಲ್ಲಿ ಅವನು ಏನನ್ನು ಆಡಬಹುದಾಗಿತ್ತೆಂಬುದನ್ನು ಯಾರೂ ಹೇಳಲಾರರು. ಪ್ರಭುತ್ವವು ಮಾಡಿದ ಹಾನಿಯ ಲೆಕ್ಕವು ಈ ಕಾರಣದಿಂದ ಎಂದಿಗೂ ಪೂರ್ತಿಯಾಗುವಂತಿಲ್ಲ.

೧೯೮೯ರ ನವೆಂಬರಿನಲ್ಲಿ ವಿದ್ಯಾರ್ಥಿಗಳ ಮೇಲೆ ಪೊಲೀಸರು ಕೈಮಾಡಿದಾಗ, ನಾಟಕಶಾಲೆಗಳ ನಟರು ಆಟವನ್ನು ನಿಲ್ಲಿಸಿ ರಂಗಸ್ಥಲವನ್ನು ಜನರ ಚರ್ಚೆಗೆ ತೆರೆದುಕೊಟ್ಟರು. ನಟರನ್ನು ಮಾತನಾಡದಂತೆ ಮಾಡಿದ್ದ ಪ್ರಭುತ್ವವು ನಟರು ತಾವಾಗಿಯೇ ಆಟವನ್ನು ನಿಲ್ಲಿಸಿದುದರಿಂದ ತತ್ತರಿಸಿತೆಂಬುದು ಗಮನಾರ್ಹ. ವರ್ಷದ ಕೊನೆಯೊಳಗೆ ವಾತ್ಸ್ಲಾವ್ ಹಾವೆಲ್ ಎಂಬ ನಾಟಕಕಾರನು ರಾಷ್ಟ್ರಾಧ್ಯಕ್ಷನಾದನು. ಉಗ್ರಾಣದ ಬೀಗಗಳು ತೆರೆದುವು. ೧೯೯೦ರ ಚುನಾವಣೆಯಲ್ಲಿ ಹ್ರುಶೀನ್‌ಸ್ಕಿಯು ನಾಗರಿಕ ವೇದಿಕೆಯ ಪಕ್ಷದಿಂದ ಸಂಯುಕ್ತ ಶಾಸನಸಭೆಗೆ ಆಯ್ಕೆಯಾದನು. ಮರುವರ್ಷ ಯಾನ್ ಸ್ವೆರಾಕನ ‘ಪ್ರಾಥಮಿಕ ಶಾಲೆ’ ಎಂಬ ಚಿತ್ರದಲ್ಲಿ ಮುಖ್ಯೋಪಾಧ್ಯಾಯನಾಗಿ ಕಾಣಿಸಿಕೊಂಡನು. ೧೯೯೪ನೆಯ ಏಪ್ರಿಲ್ ೧೩ರಂದು, ಎಪ್ಪತ್ತಮೂರನೆಯ ವಯಸ್ಸಿನಲ್ಲಿ, ಪ್ರಾಗಿನಲ್ಲಿ ತೀರಿಕೊಂಡನು. ಅವನ ಇಬ್ಬರು ಗಂಡುಮಕ್ಕಳೂ ನಟರಾದರು.

ಉಪಾಖ್ಯಾನದ ಉಳಿದ ಭಾಗವನ್ನು ಹೇಳಿ ಈ ವಿಚಾರವನ್ನು ಮುಗಿಸಬಹುದು. ಸ್ತಂಭಿತರಾದ ನಟರನ್ನು ಕಂಡು ಇಂದ್ರನು ಧ್ವಜದಂಡವನ್ನು ತೆಗೆದುಕೊಂಡು ವಿಘ್ನರನ್ನು ಜರ್ಜರಗೊಳಿಸಿದನು. ಕಥೆಯು ಅಲ್ಲಿಗೆ ನಿಲ್ಲುವುದಿಲ್ಲ. ಬ್ರಹ್ಮನು ದೈತ್ಯರನ್ನು ಕರೆದು ಸಾಮವಾಕ್ಯಗಳಿಂದ ಅವರ ದೂರನ್ನು ವಿಚಾರಿಸಿದನು. ಈ ನಾಟ್ಯವು ನಮ್ಮನ್ನು ಅವಮಾನಿಸುವುದಕ್ಕೆಂದು ಹುಟ್ಟಿತೆಂಬುದು ಅವರ ದೂರು. ಇದು ನಿಮ್ಮದೊಂದೇ ಕಥೆಯಲ್ಲ, ದೇವತೆಗಳದೊಂದೇ ಕಥೆಯೂ ಅಲ್ಲ. ಮೂರು ಲೋಕದ ಭಾವಗಳನ್ನು ಇದು ತೋರಿಸುತ್ತದೆ ಎಂಬುದು ಬ್ರಹ್ಮನ ಸಮಾಧಾನ. ಪ್ರಾಗಿನ ಆಳುವವರಿಗೆ ಬೇಕಾಗಿದ್ದುದು ಒಂದೇ ಪಕ್ಷದ ಕಥೆ. ಹ್ರುಶೀನ್‌ಸ್ಕಿಯ ಮುಖವು ಒಂದೇ ಪಕ್ಷದ ಕಥೆಯನ್ನು ಹೇಳಬಲ್ಲ ಮುಖವಾಗಿರಲಿಲ್ಲ. ಅದರಲ್ಲಿ ವಿಧೇಯನಾದ ಸಿಪಾಯಿಯೂ ಇದ್ದನು, ವಿಧೇಯನಾದ ಕೊಲೆಗಾರನೂ ಇದ್ದನು. ಇಬ್ಬರೂ ಎಲ್ಲ ದೇಶಗಳಲ್ಲಿಯೂ ಎಲ್ಲ ಕಾಲಗಳಲ್ಲಿಯೂ ಇರುವರು. ಈತನ ಕಲೆಯನ್ನು ತಿಳಿಯಬೇಕೆನ್ನುವ ಸಹೃದಯರು ಮೊದಲು ಶ್ವೇಯ್ಕನನ್ನು ನೋಡಿ, ಆಮೇಲೆ ಹೆಣ ಸುಡುವವನನ್ನು ನೋಡಬೇಕು. ಮೊದಲನೆಯದನ್ನು ನೋಡಿ ನಕ್ಕವರು ಎರಡನೆಯದನ್ನು ನೋಡುವಾಗ ತಮ್ಮ ನಗೆಯನ್ನು ಮತ್ತೊಮ್ಮೆ ಪರೀಕ್ಷಿಸಿಕೊಳ್ಳುವರು.